ಬೊಂಬಾಯಿಗೆ ನಿಧಾನ, ಲಂಡನ್ನಿಗೆ ಜೋರು

ಹೊಸದುರ್ಗದ ಶಾಲೆಯಿಂದ ಕಾಗದ ಬಂದಿದೆ. ಮೇಷ್ಟ್ರು ತೀರಿಕೊಂಡರಂತೆ. ಹಳೆಯ ಶಿಷ್ಯರೆಲ್ಲ ಸೇರಿ ಅವರ ನೆನಪಿಗೆ ಒಂದು ಪುಸ್ತಕ ತರುತ್ತಾರಂತೆ. ಬಯಾಸ್ಕೋಪಿನ ಕಾಲದಲ್ಲಿ ಅವರ ಜೊತೆ ಊರೂರು ಸುತ್ತಿದವರಲ್ಲಿ ಬದುಕಿರುವವನು ನಾನೊಬ್ಬನೇ, ಆದ್ದರಿಂದ ನಾಲ್ಕು ಒಳ್ಳೆಯ ಮಾತು ಬರೆದು ಕಳಿಸಬೇಕಂತೆ. ನಾಲ್ಕು! ಮೂರು ದಿನ ಕೂತು ಹುಡುಕಿದೆ. ಒಂದೂವರೆ ಸಿಕ್ಕಿತು. ಅದನ್ನು ಮುಂದೆ ಹೇಳುತ್ತೇನೆ, ಮರೆಯುವುದಿಲ್ಲ.

ಸತ್ತವರನ್ನು ಬೈಯಬಾರದು ಎನ್ನುತ್ತಾರೆ. ಹಾಗೆ ಎನ್ನುವವರು ಯಾರೂ ಅವನ ಕೈಕೆಳಗೆ ಐದು ವರ್ಷ ಬಯಾಸ್ಕೋಪಿನ ಹ್ಯಾಂಡಲು ತಿರುಗಿಸಿದವರಲ್ಲ. ಶಾಲೆಯವರು ‘ಅವರು’ ಎಂದು ಬರೆಯುತ್ತಾರೆ, ಬರೆಯಲಿ. ಊರ ಜನದ ಮುಂದೆ ನಾನೂ ಕೈಕಟ್ಟಿ ನಿಂತು ಮೇಷ್ಟ್ರೇ ಎಂದಿದ್ದೇನೆ, ಅವನ ತಲೆಗೆ ಕೊಡೆ ಹಿಡಿದಿದ್ದೇನೆ, ಅವನ ಕಾಲುಚೀಲ ಒಗೆದು ಗಾಡಿಯ ಗೂಟಕ್ಕೆ ಒಣಹಾಕಿದ್ದೇನೆ. ಅಷ್ಟು ಸಾಕು. ಈಗ ಅವನು ಅಂದರೆ ಅವನು.

ಮೊದಲು ಅವನು ಹೊಸದುರ್ಗದ ಕಡೆ ಶಾಲೆ ಮೇಷ್ಟ್ರಾಗಿದ್ದ. ಮೇಲಿನವರ ಜೊತೆ ಜಗಳವಾಡಿ ಬಿಟ್ಟನೋ, ಅವರೇ ಬಿಡಿಸಿದರೋ, ಕೇಳಿದಾಗಲೆಲ್ಲ ಬೇರೆ ಬೇರೆ ಕಥೆ ಹೇಳುತ್ತಿದ್ದ. ಆಗ ತುಮಕೂರಿನ ಕಡೆಯ ಸಾಹುಕಾರನೊಬ್ಬ ಬಯಾಸ್ಕೋಪಿನ ಡೇರೆ ಕಟ್ಟಿಸಿ ಎರಡು ಎತ್ತಿನ ಗಾಡಿಯಲ್ಲಿ ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ಎಂದು ತಿರುಗಿಸುತ್ತಿದ್ದ. ಚಿತ್ರಗಳಿಗೆ ಆಗ ಬಾಯಿ ಇರಲಿಲ್ಲ. ಪರದೆಯ ಪಕ್ಕದಲ್ಲಿ ಒಬ್ಬ ನಿಂತು, ಕೋಲಿನಿಂದ ತೋರಿಸಿ, ಇದು ಇಂಥದು ಎಂದು ಕೂಗಿ ಹೇಳಬೇಕಿತ್ತು. ಆ ಕೆಲಸಕ್ಕೆ ಇವನು ಸೇರಿದ. ಕಥೆಯ ಚಿತ್ರಗಳೂ ನಮ್ಮಲ್ಲಿ ಇರಲಿಲ್ಲ. ದೂರದ ಊರಿನಲ್ಲಿ ಜನ ಬೆಳಗಾದರೆ ಏನು ಮಾಡುತ್ತಾರೆ, ಬೀದಿ ಹೇಗೆ ದಾಟುತ್ತಾರೆ, ಹಾಲು ಹೇಗೆ ಹಾಕಿಸಿಕೊಳ್ಳುತ್ತಾರೆ, ಕೆಲಸ ಮುಗಿಸಿ ಮನೆಗೆ ಹೇಗೆ ಹೋಗುತ್ತಾರೆ, ಇಷ್ಟೇ. ನಮ್ಮ ಡಬ್ಬಿಗಳಲ್ಲಿ ಇದ್ದದ್ದು ಎರಡು ಊರು. ಒಂದು ಲಂಡನ್, ಇನ್ನೊಂದು ಬೊಂಬಾಯಿ.

ಒಣಕಲು ಮೈ, ಉದ್ದ ಕತ್ತು. ಹಿರಿಯೂರಿನ ಬೇಸಗೆಯಲ್ಲೂ ಕರಿ ಕೋಟು ಬಿಚ್ಚುತ್ತಿರಲಿಲ್ಲ. ರುಮಾಲಿನ ಜರಿ ಮಾಸಿ ಹಿತ್ತಾಳೆಯ ಬಣ್ಣಕ್ಕೆ ತಿರುಗಿತ್ತು. ಬೀರೂರಿನಿಂದ ಆಚೆಗೆ ಅವನು ಕಾಲಿಟ್ಟವನಲ್ಲ. ಇದು ನನಗೆ ಸಾಹುಕಾರನಿಂದಲೇ ಗೊತ್ತಾದದ್ದು. ಆದರೆ ಕೋಲು ಕೈಗೆ ಬಂದರೆ ಸಾಕು, ಲಂಡನ್ನಿನ ಗಲ್ಲಿಗಲ್ಲಿಯಲ್ಲೂ ಇವನ ಅತ್ತೆಮನೆ ಇರುವ ಹಾಗೆ ಮಾತಾಡುತ್ತಿದ್ದ.

ನಾನು ಮದಕರಿಪುರದವನು, ಕಂಬಳಿ ನೇಯುವ ಕುರುಬರ ಮನೆ. ಚಿತ್ರದುರ್ಗದ ಸಂತೆಯಲ್ಲಿ ಕಂಬಳಿ ಹಾಸಿಕೊಂಡು ಕೂತಿದ್ದಾಗ ಇವನು ಬಂದು ನನ್ನ ಮಣಿಕಟ್ಟು ಹಿಡಿದು ಎತ್ತು ನೋಡುವ ಹಾಗೆ ತಿರುಗಿಸಿ ನೋಡಿದ.

“ರಾಗಿ ಬೀಸಿದ್ದೀಯೇನೋ?”

“ಬೀಸ್ತೀನಿ ಸ್ವಾಮಿ. ಅವ್ವಂಗೆ ಕೈ ಕೊಡ್ತೀನಿ.”

ಪಕ್ಕದ ಅಂಗಡಿಯವರು ಗಂಡಸು ರಾಗಿ ಬೀಸುತ್ತಾನಂತೆ ಎಂದು ಹೊಟ್ಟೆ ಹಿಡಿದುಕೊಂಡು ನಕ್ಕರು. ಅವನು ನಗಲಿಲ್ಲ. ಹ್ಯಾಂಡಲು ತಿರುಗಿಸುವವನು ಹಿಂದಿನ ವಾರ ಓಡಿಹೋಗಿದ್ದನಂತೆ. ನನಗೆ ಆಗ ಇಪ್ಪತ್ತು ವಯಸ್ಸು. ಅಂದಿನಿಂದ ಐದು ವರ್ಷ ಅವನು ನನ್ನ ಹೆಸರು ಹಿಡಿದು ಕರೆಯಲಿಲ್ಲ. “ಲೇ ಹ್ಯಾಂಡ್ಲು” ಎನ್ನುತ್ತಿದ್ದ. ನನ್ನ ಹೆಸರು ಅವನಿಗೆ ಗೊತ್ತಿತ್ತೋ ಇಲ್ಲವೋ, ದೇವರೇ ಬಲ್ಲ.

ಮೆಷೀನಿನ ಗುಟ್ಟು ಇಷ್ಟೇ. ಹ್ಯಾಂಡಲು ಜೋರಾಗಿ ತಿರುಗಿಸಿದರೆ ಪರದೆಯ ಮೇಲಿನ ಜನ ಜೋರಾಗಿ ನಡೆಯುತ್ತಾರೆ. ನಿಧಾನ ಮಾಡಿದರೆ ಅವರೂ ನಿಧಾನ. ಮೊದಲ ದಿನವೇ ಅವನು ನನಗೆ ಪಾಠ ಹೇಳಿದ: “ಬೊಂಬಾಯಿಗೆ ನಿಧಾನ, ಲಂಡನ್ನಿಗೆ ಜೋರು. ತಿಳೀತಾ?” ನಾನು ಬೀಸುವ ಕಲ್ಲಿನ ಲೆಕ್ಕ ಇಟ್ಟುಕೊಂಡೆ. ಬೊಂಬಾಯಿಗೆ, ಉಂಡು ಕೂತು ತೂಕಡಿಸುತ್ತ ಬೀಸುವ ಲಯ. ಲಂಡನ್ನಿಗೆ, ನೆಂಟರು ಬಾಗಿಲಿಗೆ ಬಂದಿದ್ದಾರೆ, ಮನೆಯಲ್ಲಿ ಹಿಡಿ ಹಿಟ್ಟಿಲ್ಲ ಎಂಬ ಲಯ. ಮೆಷೀನು ಅದಕ್ಕೆ ತಕ್ಕ ಹಾಗೆ ಟಕಟಕ ಎನ್ನುತ್ತಿತ್ತು. ಆ ಸದ್ದಿನ ಮೇಲೆ ಅವನ ಗಂಟಲು ಏಳುತ್ತಿತ್ತು.

“ನೋಡಿರಿ ಮಹಾಜನಗಳೇ! ಇವನು ಲಂಡನ್ನಿನ ಕೂಲಿಯವನು. ಹೇಗೆ ಹಾರುತ್ತಿದ್ದಾನೆ ನೋಡಿರಿ. ಇವನು ಬೊಂಬಾಯಿಯ ಕೂಲಿಯವನು. ಹೇಗೆ ತೆವಳುತ್ತಿದ್ದಾನೆ ನೋಡಿರಿ. ಲಂಡನ್ನಿನವನ ಕಾಲಿನಲ್ಲಿ ಗಡಿಯಾರ ಇದೆ, ನಮ್ಮವನ ಕಾಲಿನಲ್ಲಿ ಆಣಿ ಇದೆ! ನಾವು ಏಕೆ ಹಿಂದುಳಿದೆವು ಎಂದು ಇನ್ನು ಯಾರೂ ನನ್ನನ್ನು ಕೇಳಬೇಡಿರಿ.”

ಯಾರು ಕೇಳಿದ್ದರು? ಯಾರೂ ಕೇಳಿರಲಿಲ್ಲ. ಜನ ನೋಡುತ್ತಿದ್ದದ್ದು ಬೇರೆಯೇ. “ಅಲ್ಲೂ ಕುದುರೆ ಬೀದೀಲೇ ಲದ್ದಿ ಹಾಕ್ತಾವಲ್ರಿ!” ಎಂದು ಹಿರಿಯೂರಿನ ಗಾಡಿಯವನೊಬ್ಬ ಎದ್ದು ನಿಂತು ಹೇಳಿದ, ಅಷ್ಟು ದೂರದ ಊರಿಗೂ ತನಗೂ ಒಂದು ನಂಟು ಸಿಕ್ಕ ಖುಷಿ ಅವನಿಗೆ. “ಆ ದೊರೆಸಾನಿ ಮಗೀನ ಸೊಂಟದ ಮ್ಯಾಲೆ ಎತ್ಕಂಡಿಲ್ಲ, ಗಾಡೀಲಿ ಹಾಕ್ಕಂಡು ತಳ್ತಾ ಅವಳೆ, ಪಾಪ, ಸೊಂಟ ನೋವೇನೋ” ಎಂದು ಮುದುಕಿಯೊಬ್ಬಳು ಮರುಗಿದಳು. ಇನ್ನೊಬ್ಬ ಕೇಳಿದ: “ಅವ್ರೆಲ್ಲ ಹಂಗೆ ಓಡ್ತಾ ಅವರಲ್ಲ, ಹಿಂದೆ ಯಾರಾದ್ರೂ ಅಟ್ಟಿಸ್ಕಂಡು ಬರ್ತಾ ಅವರಾ?” ನನಗಂತೂ ಇವನ ಭಾಷಣಕ್ಕಿಂತ ಇವರ ಮಾತೇ ಚೆನ್ನಾಗಿತ್ತು. ಅವನಿಗೆ ಮೈಯೆಲ್ಲ ಉರಿಯುತ್ತಿತ್ತು. ಕೋಲಿನಿಂದ ಬಡಿದು “ಕುಂತ್ಕಳ್ರಯ್ಯ” ಎಂದು ಕಿರಿಚುತ್ತಿದ್ದ, ಪುಸ್ತಕದ ಕನ್ನಡ ಮರೆತುಹೋಗುತ್ತಿತ್ತು.

ಕಾಲಿನ ಗಡಿಯಾರದ ಮಾತಾಡುವವನು ಬೆಳಗ್ಗೆ ಎದ್ದದ್ದನ್ನು ನಾನು ನೋಡಿಲ್ಲ. ಎತ್ತು ಹೂಡಿ ನಿಂತರೂ ಇವನ ಗೊರಕೆ ಮುಗಿಯುತ್ತಿರಲಿಲ್ಲ. ಒಮ್ಮೆ ಹೊಳಲ್ಕೆರೆ ಸ್ಟೇಷನ್ನಿನಲ್ಲಿ ರೀಲಿನ ಪೆಟ್ಟಿಗೆ ಇಳಿಸಿಕೊಳ್ಳಬೇಕಿತ್ತು. ಇವನು ಕಾಫಿ ಕುಡಿದು ಮೀಸೆ ಒರೆಸಿಕೊಳ್ಳುವಷ್ಟರಲ್ಲಿ ರೈಲು ಪೆಟ್ಟಿಗೆ ಸಮೇತ ಹೊರಟುಹೋಯಿತು. ಬೈಸಿಕೊಂಡವನು ನಾನು.

ಬೊಂಬಾಯಿಯ ರೀಲು ಹಳೆಯದು. ಉಜ್ಜಿ ಉಜ್ಜಿ ಗೀರು ಬಿದ್ದು, ಪರದೆಯ ಮೇಲೆ ಉದ್ದಕ್ಕೂ ಮಳೆ ಹೊಯ್ದ ಹಾಗೆ ಕಾಣುತ್ತಿತ್ತು. ಹಳೇ ರೀಲು ಎಂದು ಒಪ್ಪಿಕೊಂಡರೆ ಮಾನ ಹೋಗುತ್ತದಲ್ಲ! ಅದಕ್ಕೆ ಇವನು “ಬೊಂಬಾಯಿಯಲ್ಲಿ ವರ್ಷವೆಲ್ಲ ಮಳೆ” ಎಂದು ಹೇಳಿಬಿಟ್ಟ. ಒಂದು ಸಲ ಹೇಳಿದ ಮೇಲೆ ಹಿಂದಕ್ಕೆ ತೆಗೆದುಕೊಳ್ಳುವ ಹಾಗಿಲ್ಲ, ಊರೂರಿಗೂ ಅದೇ ಮಳೆ ಸುರಿಸಿದ.

ಈಗ ಆ ಒಂದೂವರೆ ಒಳ್ಳೆಯ ಮಾತು. ಒಂದು: ಗಂಟಲು. ಡೇರೆಯಲ್ಲಿ ಐನೂರು ಜನ ಇದ್ದರೂ ಕಡೆಯ ಸಾಲಿನ ಕಿವುಡನಿಗೂ ಮುಟ್ಟುವ ಗಂಟಲು. ಅರ್ಧ: ಅಕ್ಷರ. ಊರಿಂದೂರಿಗೆ ಗಾಡಿಯಲ್ಲಿ ಹೋಗುವಾಗ ನನಗೆ ಓದಲು ಬರೆಯಲು ಕಲಿಸಿದವನು ಅವನೇ. ಈ ಬರಹವೂ ಆ ಅಕ್ಷರವೇ. ಅದನ್ನು ಅರ್ಧ ಎಂದು ಏಕೆ ಹಿಡಿದೆ ಎಂದರೆ, ಒಂದೊಂದು ತಪ್ಪಿಗೂ ಗೆಣ್ಣಿನಿಂದ ತಲೆಗೆ ಕುಟ್ಟುತ್ತಿದ್ದ, ಗಾಡಿಯವನು ನೋಡಿ ನಗುವ ಹಾಗೆ.

ಇನ್ನೊಂದು ಸಂಗತಿ ಇದೆ. ಒಳ್ಳೆಯದೋ ಕೆಟ್ಟದ್ದೋ ನನಗೆ ಗೊತ್ತಾಗಿಲ್ಲ. ಕೆಲವು ಮಧ್ಯಾಹ್ನ, ಡೇರೆಯಲ್ಲಿ ಯಾರೂ ಇಲ್ಲದಾಗ, ಹಗಲ ಬೆಳಕಿನಲ್ಲಿ ಮಸುಕಾಗಿಯಾದರೂ ಕಾಣಲಿ ಎಂದು ಪರದೆಗೆ ನೀರು ಎರಚಿಸಿ, ದೀಪ ಹೊತ್ತಿಸಿ ಲಂಡನ್ನಿನ ರೀಲು ಹಾಕಿಸುತ್ತಿದ್ದ. ಆಗ ಮಾತ್ರ “ನಿಧಾನ, ಲೇ, ನಿಧಾನ” ಎನ್ನುತ್ತಿದ್ದ. ಬಾಯಿ ಬಿಡುತ್ತಿರಲಿಲ್ಲ, ಕೋಲು ಎತ್ತುತ್ತಿರಲಿಲ್ಲ. ನೆಲದ ಮೇಲೆ ಕೂತು ಆ ಬೀದಿಯನ್ನು ನೋಡುತ್ತಿದ್ದ. ನಿಧಾನಕ್ಕೆ ತಿರುಗಿಸಿದರೆ ಲಂಡನ್ನಿನವರೂ ನಮ್ಮ ಹಾಗೇ ಕಾಲೆಳೆಯುತ್ತಿದ್ದರು. ಅದು ಅವನಿಗೂ ಕಾಣುತ್ತಿತ್ತು. ಕಂಡೂ ಸಂಜೆಗೆ ಮತ್ತೆ ಅದೇ ಭಾಷಣ.

ಇನ್ನು ನಮ್ಮ ಮನೆಯ ಮಾತು. ನಮ್ಮಣ್ಣ ಮಾರಿಕಣಿವೆಯ ಕಟ್ಟೆ ಕಟ್ಟುವಾಗ ಅಲ್ಲಿ ಕಲ್ಲು ಹೊತ್ತವನು. ಕಟ್ಟೆ ಮುಗಿದ ಮೇಲೆ ಅಲ್ಲಿನ ಗೆಳೆಯರ ಜೊತೆ ಹೊಳಲ್ಕೆರೆಯಲ್ಲಿ ರೈಲು ಹತ್ತಿ ಬೊಂಬಾಯಿಯ ಗಿರಣಿಗೆ ಹೋದ. ಮದುವೆಯಾಗಿ ಎಂಟು ತಿಂಗಳಾಗಿತ್ತು. ಮೊದಲ ದೀವಳಿಗೆಗೆ ಯಾರ ಕೈಲೋ ಬರೆಸಿದ ಒಂದು ಕಾರ್ಡು ಬಂತು. ಆಮೇಲೆ ಮೂರು ವರ್ಷ ಏನೂ ಇಲ್ಲ. ಅವ್ವ ಮಗನ ದಾರಿ ನೋಡುತ್ತಿದ್ದಳು. ಅತ್ತಿಗೆ ಉಣ್ಣೆ ನೂಲುತ್ತಿದ್ದಳು. ಅವಳಿಗಿನ್ನೂ ಇಪ್ಪತ್ತೊಂದು ತುಂಬಿರಲಿಲ್ಲ.

ಗಂಡ ಸತ್ತವಳಿಗೆ, ಇಲ್ಲವೇ ಗಂಡ ಇನ್ನು ಬರುವುದಿಲ್ಲ ಎಂದು ಗೊತ್ತಾದವಳಿಗೆ, ಇನ್ನೊಬ್ಬ ಸೀರೆ ಉಡಿಸಿ ಕರೆದುಕೊಂಡು ಹೋಗುವುದು ನಮ್ಮ ಜನದಲ್ಲಿ ಉಂಟು. ಉಡಿಕೆ ಎನ್ನುತ್ತಾರೆ. ಅತ್ತಿಗೆಯ ತವರು ಮತ್ತೋಡು. ಆ ಊರಿನಲ್ಲಿ ಹೆಂಡತಿ ಸತ್ತ ಒಬ್ಬ ಕುರಿಗಾರ, ಒಳ್ಳೆಯವನು, ಕೇಳುತ್ತಿದ್ದ. ಅತ್ತಿಗೆಗೂ ಮನಸ್ಸಿತ್ತು. ಬಾಯಿಬಿಟ್ಟು ಹೇಳಿದವಳಲ್ಲ, ಆದರೆ ಮತ್ತೋಡಿನಿಂದ ಯಾರಾದರೂ ಬಂದರೆ ಅವಳ ಕೈಯ ಕದಿರು ನಿಲ್ಲುತ್ತಿತ್ತು. ನನಗೆ ಕಾಣುತ್ತಿತ್ತು. ಅವಳ ಅಣ್ಣ ಬಂದು ಅವ್ವನ ಹತ್ತಿರ ಮಾತು ತೆಗೆದ. ಅವ್ವ ಅರ್ಧ ಒಪ್ಪಿದ್ದಳು.

ಅಷ್ಟರಲ್ಲಿ ನಮ್ಮ ಡೇರೆ ಚಿತ್ರದುರ್ಗಕ್ಕೆ ಬಂತು. ಮಗ ಹ್ಯಾಂಡಲು ತಿರುಗಿಸುವುದನ್ನು ನೋಡಲು ಅವ್ವನೂ ಬಂದಳು. ಬೊಂಬಾಯಿಯ ರೀಲಿನಲ್ಲಿ ಗಿರಣಿಯ ಬಾಗಿಲಿನಿಂದ ಕೂಲಿ ಜನ ಹೊರಗೆ ಬರುವ ಭಾಗ ಒಂದಿದೆ. ಅದರಲ್ಲಿ ಒಬ್ಬನ ಹೆಗಲ ಮೇಲೆ ಕಂಬಳಿ. ಬಾಗಿಲು ದಾಟಿ, ಕಂಬಳಿಯನ್ನು ಎಡ ಹೆಗಲಿಗೆ ಎಸೆದುಕೊಂಡು, ಅರ್ಧ ಮುಖ ಈ ಕಡೆ ತಿರುಗಿಸಿ ಹೋಗಿಬಿಡುತ್ತಾನೆ. ನಾಲ್ಕು ಉಸಿರಿನ ಹೊತ್ತು. ಅಷ್ಟು ದಿನದಿಂದ ತಿರುಗಿಸಿದ್ದೇನೆ, ನನಗೆ ಒಮ್ಮೆಯೂ ಏನೂ ಅನ್ನಿಸಿರಲಿಲ್ಲ.

“ನನ್ ಮಗ!” ಎಂದು ಅವ್ವ ಚೀರಿದಳು. “ಅಯ್ಯೋ, ನನ್ ಮಗ ಕಣ್ರೋ! ಕಂಬಳಿ ಎಸೆಯೋದು ನೋಡ್ರಿ! ಯಾಕ್ ಹಂಗೆ ಕಾಲೆಳೀತಾನೆ? ಮೈಗೆ ಹುಷಾರಿಲ್ವೇನೋ ನನ್ನಪ್ಪಂಗೆ!”

ಆಟ ಮುಗಿದ ಮೇಲೆ ನಾನು ಅವನ ಹತ್ತಿರ ಹೋಗಿ, ಮೇಷ್ಟ್ರೇ, ಇದು ಹಳೇ ರೀಲು, ಅವ್ವಂಗೆ ನೀವೇ ಒಂದು ಮಾತು ಹೇಳ್ರಿ ಎಂದು ಬೇಡಿಕೊಂಡೆ. ಅವನು ಹೇಳಿದ್ದೇನು? ಅವ್ವನ ಮುಂದೆ ಹೋಗಿ ರುಮಾಲು ಸರಿಮಾಡಿಕೊಂಡು, “ತಾಯಿ, ಇದು ಹೊಸದಾಗಿ ಬಂದ ಚಿತ್ರ. ನಿಮ್ಮ ಮಗನೇ ಇರಬಹುದು” ಎಂದ. ಅವ್ವ ಅವನ ಕಾಲಿಗೆ ಬಿದ್ದಳು. ಅವನು ಎಬ್ಬಿಸಲೂ ಇಲ್ಲ.

ಸುದ್ದಿ ಮತ್ತೋಡಿಗೆ ಹೋಯಿತು. ಗಂಡ ಬದುಕಿದ್ದರೆ ಉಡಿಕೆ ಎಲ್ಲಿಯದು? ಪರದೆಯ ಮೇಲಿನವನು ಅವನೇ ಎಂಬುದನ್ನು ಅತ್ತಿಗೆಯ ಅಣ್ಣ ಒಪ್ಪಲಿಲ್ಲ. ಮಾತು ಕಟ್ಟೆಮನೆಗೆ ಹೋಯಿತು, ಅಂದರೆ ನಮ್ಮ ಜನದ ಹಿರಿಯರ ನ್ಯಾಯಕ್ಕೆ. ಕಟ್ಟೆಮನೆಯ ಗೌಡರು ವಯಸ್ಸಾದವರು, ತೂಕದ ಮನುಷ್ಯ. ಎರಡೂ ಕಡೆ ಕೇಳಿ, “ಆ ಚಿತ್ರಾನ ನಾವೂ ನೋಡಾಣ. ನೋಡ್ದೆ ಹೆಂಗೆ ನ್ಯಾಯ ಹೇಳಾದು?” ಎಂದರು. ಡೇರೆ ಹೊಸದುರ್ಗದಲ್ಲಿದ್ದಾಗ, ಒಂದು ಸೋಮವಾರ, ಹಗಲಿನಲ್ಲೇ ನೋಡುವುದೆಂದಾಯಿತು. ಸಂಜೆಯ ಗಲಾಟೆಯಲ್ಲಿ ನ್ಯಾಯ ಮಾಡುವುದಿಲ್ಲ ಎಂದು ಗೌಡರ ಹಟ. ಹಗಲಿನಲ್ಲಿ ಕತ್ತಲು ಎಲ್ಲಿಂದ ತರುವುದು? ಬಂದ ಜನ ತಮ್ಮ ತಮ್ಮ ಹೆಗಲ ಕಂಬಳಿ ತೆಗೆದು ಡೇರೆಯ ಮೇಲೆ, ಸುತ್ತ, ಸಂದಿ ಸಂದಿಗೂ ಹೊದಿಸಿದರು. ಒಳಗೆ ಕಣ್ಣಿಗೆ ಬೆರಳಿಟ್ಟರೂ ಕಾಣದ ಕತ್ತಲು, ಕುರಿಯ ವಾಸನೆ, ಸೆಕೆ.

ಗಂಡಸರು ಮುಂದೆ ಕೂತರು. ಹೆಂಗಸರು ಹಿಂದೆ, ನನ್ನ ಮೆಷೀನಿನ ಮಗ್ಗುಲಿಗೆ. ಅವ್ವ ಒಂದು ಕಡೆ, ಅತ್ತಿಗೆ ಒಂದು ಕಡೆ. ದೀಪ ಹೊತ್ತಿಸಿ ಬೊಂಬಾಯಿ ಹಾಕಿದೆ. ಅಭ್ಯಾಸದ ಲಯ, ನಿಧಾನ. ಕಂಬಳಿಯವನು ಬಂದ, ಕಾಲೆಳೆಯುತ್ತ ಹೋದ.

“ನೋಡಿದ್ರಾ ನನ್ ಮಗನ್ನ?” ಎಂದಳು ಅವ್ವ.

ಅತ್ತಿಗೆ ಎದ್ದು ನಿಂತಳು. ಅಷ್ಟು ಹಿರಿಯರ ಮುಂದೆ ಅವಳು ಬಾಯಿ ಬಿಟ್ಟದ್ದು ಅದೇ ಮೊದಲು. ಮಾತು ಗಟ್ಟಿಯಾಗಿತ್ತು.

“ಇವನು ನನ್ ಗಂಡ ಅಲ್ರಿ ಗೌಡ್ರೇ. ನನ್ ಗಂಡ ನಡೆದ್ರೆ ಕುರಿ ಹಿಂದೆ ಬೀಳ್ತಿದ್ವು. ಇವನು ಹೆಜ್ಜೆ ಎಣಿಸ್ತಾನೆ. ಇನ್ನೊಂದು ಮಾತು. ಮಳೆ ಹಂಗೆ ಸುರೀತೈತೆ, ಕಂಬಳಿ ಹೆಗಲ ಮ್ಯಾಲೈತೆ. ಕುರುಬರ ಮಗ ಮಳೇಲಿ ಕಂಬಳಿ ತಲೆಗೆ ಕೊಪ್ಪೆ ಹಾಕ್ಕಳ್ದೆ ನಡೀತಾನೇನ್ರಿ?”

ಡೇರೆಯೊಳಗೆ ಗುಜುಗುಜು ಎದ್ದಿತು. ಗೌಡರು “ಹೌದಲ್ವೇ” ಎಂದರು. “ಆ ಹುಡುಗನ ನಡಿಗೆ ನಂಗೂ ಗೊತ್ತು. ಇಷ್ಟು ಮೆತ್ತಗಿರಲಿಲ್ಲ. ಕೊಪ್ಪೆ ಮಾತೂ ಸರಿ ಐತೆ.” ಅತ್ತಿಗೆಯ ಅಣ್ಣ ಬಿಡುತ್ತಾನೆಯೇ? “ಇದು ಬೊಂಬಾಯೋ ಇನ್ಯಾವ ಊರೋ ಯಾರಿಗ್ರಿ ಗೊತ್ತು? ಈ ಮೇಷ್ಟ್ರು ಹೇಳಿದ್ರೆ ಆತಾ?” ಎಂದ.

ಅಲ್ಲಿಗೆ ಮುಗಿಯುತ್ತಿತ್ತು. ಅವಳ ಬದುಕು ಬೇರೆ ದಾರಿ ಹಿಡಿಯುತ್ತಿತ್ತು. ಆದರೆ ಆ ಕಡೆಯ ಮಾತು ಇವನ ಮರ್ಮಕ್ಕೆ ತಾಗಿತು. ಓದಿಲ್ಲದ ಕುರಿಗಾರರ ಮುಂದೆ ಇವನ ಬೊಂಬಾಯಿ ಸುಳ್ಳಾಗುವುದೇ! ತಾನೇ ಮುಂದೆ ಬಂದು, ಪ್ರಮಾಣ ಮಾಡುತ್ತೇನೆ ಎಂದ. ಗೌಡರು ಕರಿ ಕಂಬಳಿ ಹಾಸಿಸಿ, ಅದರ ಮೇಲೆ ಭಂಡಾರದ ಅರಿಶಿನ ಇಡಿಸಿದರು. ಕಂಬಳಿಯ ಮೇಲೆ ನಿಂತು ಭಂಡಾರ ಮುಟ್ಟಿದವನು ಸುಳ್ಳು ಹೇಳುವುದಿಲ್ಲ. ಇದು ನಮ್ಮಲ್ಲಿ ಮಕ್ಕಳಿಗೂ ಗೊತ್ತು. ಅವನು ಕೋಟಿನ ತೋಳು ಸರಿಸಿ, ಬೆರಳು ಅದ್ದಿ, ಆ ದೊಡ್ಡ ಗಂಟಲಿನಲ್ಲಿ ಹೇಳಿದ:

“ಇದು ಬೊಂಬಾಯಿ. ಈ ವರ್ಷ ತೆಗೆದ ಚಿತ್ರ. ಅಲ್ಲಿ ವರ್ಷವೆಲ್ಲ ಮಳೆ, ಬಡವರಿಗೆ ನೆನೆಯುವುದು ರೂಢಿಯಾಗಿಬಿಡುತ್ತದೆ, ಕೊಪ್ಪೆ ಯಾರೂ ಹಾಕುವುದಿಲ್ಲ. ನಡಿಗೆಯ ಮಾತು ಬಂತಲ್ಲ, ಇನ್ನೊಂದು ಸಲ ಸರಿಯಾಗಿ ನೋಡಿರಿ.”

ಹಾಗೆಂದವನು ಕತ್ತಲಲ್ಲಿ ತಡವುತ್ತ ನನ್ನ ಹತ್ತಿರ ಬಂದು ಕಿವಿಗೆ ಬಾಯಿಟ್ಟ. “ಲೇ ಹ್ಯಾಂಡ್ಲು, ಲಂಡನ್ನಿನ ಓಟ ಕೊಡು.”

ನಾನೇನು ಮಾಡಲಿ? ಅವನು ಜೋರು ಎಂದ. ಐದು ವರ್ಷದಲ್ಲಿ ಅವನ ಮಾತು ಮೀರಿದವನಲ್ಲ. ಪಕ್ಕದಲ್ಲಿ ಅವ್ವ ಸೆರಗು ಬಾಯಿಗೆ ತುರುಕಿಕೊಂಡು ಕೂತಿದ್ದಳು. ತಿರುಗಿಸಿದೆ. ನೆಂಟರು ಬಾಗಿಲಿಗೆ ಬಂದ ಲಯ. ಮೆಷೀನು ಟಕಟಕಟಕ ಎಂದಿತು. ಗಿರಣಿಯ ಬಾಗಿಲು ತೆರೆಯಿತು. ಕಂಬಳಿಯವನು ದಾಪುಗಾಲು ಹಾಕುತ್ತ ಬಂದ, ಕಂಬಳಿಯನ್ನು ಎಡ ಹೆಗಲಿಗೆ ಎಸೆದ, ಮುಖ ತಿರುಗಿಸಿದ. ಶಿವನೇ! ಅದು ನಮ್ಮಣ್ಣನೇ. ಅದೇ ನಡಿಗೆ, ಅದೇ ಬೀಸು. ಮುಂದಿನ ಸಾಲಿನ ಮುದುಕರು “ಹೋಗ್ತಾನೆ ನೋಡ್ರೋ, ಹೋಗ್ತಾನೆ” ಎಂದು ಕೂಗಿದರು. ಅವ್ವ ಬಿಕ್ಕಿ ಬಿಕ್ಕಿ ಅತ್ತಳು. ಅತ್ತಿಗೆಯ ಕಡೆಗೆ ಮುಖ ತಿರುಗಿಸುವ ಧೈರ್ಯ ನನಗಾಗಲಿಲ್ಲ.

ಗೌಡರು ಎದ್ದರು. “ಗಂಡ ಬದುಕವನೆ. ನಾವೆಲ್ಲ ಕಣ್ಣಾರೆ ಕಂಡಿದೀವಿ. ಅವಳು ಕಾಯಬೇಕು” ಎಂದರು. ಜನ ಕಂಬಳಿಗಳನ್ನು ಎಳೆದುಕೊಂಡರು, ಡೇರೆಯೊಳಕ್ಕೆ ಬಿಸಿಲು ನುಗ್ಗಿತು. ಮೇಷ್ಟ್ರು ಮತ್ತೆ ಆ ಕರಿ ಕಂಬಳಿಯ ಮೇಲೆ ಹೋಗಿ ನಿಂತಿದ್ದ, ಮದುಮಗನ ಹಾಗೆ. ಒಬ್ಬೊಬ್ಬರೂ ಬಂದು ಕೈ ಮುಗಿದು ಹೋದರು.

ಮತ್ತೋಡಿನ ಕುರಿಗಾರ ಒಂದು ವರ್ಷ ನೋಡಿದ, ಆಮೇಲೆ ಬೇರೆ ಹೆಣ್ಣು ಮಾಡಿಕೊಂಡ. ಅವನದೇನು ತಪ್ಪು? ನಾನು ಆ ವರ್ಷವೇ ಡೇರೆ ಬಿಟ್ಟು ಮಗ್ಗಕ್ಕೆ ಬಂದೆ. ಅವ್ವ ಏಳು ವರ್ಷ, ಸಾಯುವವರೆಗೂ, ಬೊಂಬಾಯಿಯಲ್ಲಿ ನನ್ನ ದೊಡ್ಡ ಮಗ ಗಟ್ಟಿಯಾಗಿದ್ದಾನೆ, ಕುದುರೆಯ ಹಾಗೆ ನಡೆಯುತ್ತಾನೆ ಎಂದು ಬಂದವರಿಗೆಲ್ಲ ಹೇಳಿದಳು. ಅವಳ ತಿಥಿಯಾಗಿ ಇನ್ನೂ ತಿಂಗಳು ಕಳೆದಿರಲಿಲ್ಲ, ಮಾರಿಕಣಿವೆಯ ಹಳೆಯ ಗೆಳೆಯನೊಬ್ಬ ಬೊಂಬಾಯಿಯಿಂದ ಬಂದ. ಅಣ್ಣ ಹೋದ ಎರಡನೆಯ ಮಳೆಗಾಲದಲ್ಲೇ ಪ್ಲೇಗಿನಲ್ಲಿ ಸತ್ತನಂತೆ. ಅಂದರೆ ನಾವೆಲ್ಲ ಕಂಬಳಿ ಹೊದಿಸಿದ ಕತ್ತಲಲ್ಲಿ ಕೂತು ಅವನ ನಡಿಗೆ ನೋಡಿದಾಗ ಅವನು ಸತ್ತು ವರ್ಷ ಕಳೆದಿತ್ತು. ಸಾಹುಕಾರನನ್ನು ಹುಡುಕಿಕೊಂಡು ಹೋಗಿ ಕೇಳಿದೆ. ಆ ರೀಲು ಅಣ್ಣ ಇನ್ನೂ ಮಾರಿಕಣಿವೆಯಲ್ಲಿ ಕಲ್ಲು ಹೊರುತ್ತಿದ್ದ ಕಾಲಕ್ಕೇ ಹಳೆಯದಾಗಿತ್ತಂತೆ.

ಆಗ ಇವನು ಹೊಳಲ್ಕೆರೆಯಲ್ಲಿ ಮನೆಪಾಠ ಹೇಳಿಕೊಂಡಿದ್ದ. ಮೈಯೆಲ್ಲ ಬೆಂಕಿಯಾಗಿ ಹೋದೆ. ಅದೇ ಕೋಟು, ಮೊಣಕೈಯಲ್ಲಿ ತೇಪೆ. “ಬಾರೋ ಹ್ಯಾಂಡ್ಲು” ಎಂದು ಮಜ್ಜಿಗೆ ತರಿಸಿದ. ಎಲ್ಲ ಹೇಳಿದೆ. ಕನ್ನಡಕ ತೆಗೆದು ಒರೆಸಿಕೊಂಡ.

“ನಿಮ್ಮವ್ವ ಏಳು ವರ್ಷ ನೆಮ್ಮದಿಯಾಗಿದ್ದಳಲ್ಲ” ಎಂದ.

“ಅತ್ತಿಗೆ?” ಎಂದೆ.

ಕನ್ನಡಕ ಮೂಗಿಗೆ ಏರಿಸಿಕೊಂಡ. “ಅವತ್ತು ಅಷ್ಟು ಜನ ನನ್ನ ಮಾತು ಕೇಳಿದರು ಕಣೋ. ನಗದೆ ಕೇಳಿದರು. ಜನ್ಮದಲ್ಲಿ ಅದೊಂದೇ ಸಲ” ಎಂದ. ಇಂಥ ಮಾತಿಗೆ ಏನು ಹೇಳುತ್ತೀರಿ? ಮಜ್ಜಿಗೆ ಮುಟ್ಟದೆ ಎದ್ದು ಬಂದೆ. ಆಮೇಲೆ ಅವನ ಮುಖ ನೋಡಲಿಲ್ಲ. ಅವನ ಸುದ್ದಿ ಬಂದರೆ ಉಗುಳುತ್ತಿದ್ದೆ. ಇಷ್ಟು ವರ್ಷ ಬಿಡದೆ ಉಗುಳಿದ್ದೇನೆ.

ಅತ್ತಿಗೆಗೆ ಮಾತ್ರ ಆ ಓಟದ ವಿಷಯ ನಾನು ಹೇಳಿರಲಿಲ್ಲ. ಹೇಗೆ ಹೇಳಲಿ? ಅವ್ವ ಹೋದ ಮೇಲೆ ಮನೆ ನಡೆಸಿದವಳು ಅವಳು. ನನ್ನ ಹೆಂಡತಿಯ ಬಾಣಂತನ ಮಾಡಿದವಳು, ನನ್ನ ಮಕ್ಕಳನ್ನು ಎತ್ತಿ ಆಡಿಸಿದವಳು, ಇವತ್ತಿಗೂ ನನ್ನ ತಟ್ಟೆಗೆ ಮುದ್ದೆ ಹಾಕುವವಳು ಅವಳೇ. ತಲೆಯೆಲ್ಲ ಬೆಳ್ಳಗಾಗಿದೆ.

ನಿನ್ನೆ ಮಧ್ಯಾಹ್ನ ಜಗುಲಿಯಲ್ಲಿ ಉಣ್ಣೆ ಹಿಂಜುತ್ತ ಕೂತಿದ್ದಳು. ಶಾಲೆಯ ಕಾಗದ ಹಿಡಿದುಕೊಂಡು ಹೋಗಿ ಎದುರಿಗೆ ಕೂತೆ.

“ಅತ್ತಿಗೆ, ಆ ಮೇಷ್ಟ್ರು ಸತ್ತ.”

“ಹೌದಾ? ಪಾಪ. ವಯಸ್ಸಾಗಿತ್ತು.”

ಪಾಪ! ನನಗೆ ರೇಗಿತು. “ಪಾಪ ಅಂತೀಯಲ್ಲ, ನಿನ್ ಬಾಳು ಹಾಳು ಮಾಡ್ದೋನು ಅವ್ನೇ” ಎಂದೆ. ಅಷ್ಟು ಹೇಳಿದ ಮೇಲೆ ಉಳಿದದ್ದೂ ಬಂತು. ಹಳೇ ರೀಲು, ಗೀರಿನ ಮಳೆ, ನಿಧಾನ, ಜೋರು, ಕಿವಿಯಲ್ಲಿ ಹೇಳಿದ ಮಾತು, ಎಲ್ಲ ಹೇಳಿಬಿಟ್ಟೆ. ಅವಳು ಕೈ ನಿಲ್ಲಿಸಲಿಲ್ಲ.

“ಗೊತ್ತಿತ್ತು” ಎಂದಳು.

“ಏನು ಗೊತ್ತಿತ್ತು?”

“ನಾನು ನಿನ್ ಮಗ್ಗಲಿಗೇ ಕುಂತಿದ್ನಲ್ಲಪ್ಪ. ಮೊದಲ್ನೇ ಸಲ ನಿನ್ ಕೈ ಹೆಂಗೆ ತಿರುಗ್ತು, ಎರಡ್ನೇ ಸಲ ಹೆಂಗೆ ತಿರುಗ್ತು, ನನಗೆ ಕೇಳ್ಸಲಿಲ್ವಾ? ಹುಟ್ಟಿದಾಗಿಂದ ರಾಗಿ ಬೀಸಿದೀನಿ. ಎರಡ್ನೇ ಸಲ ನಾನು ಪರದೆ ನೋಡ್ಲೇ ಇಲ್ಲ. ನಿನ್ನೇ ನೋಡ್ತಿದ್ದೆ.”

“ಮತ್ತೆ ಗೌಡ್ರ ಮುಂದೆ ಯಾಕೆ ಹೇಳ್ಲಿಲ್ಲ?”

“ನಿಮ್ಮವ್ವ ಅಷ್ಟು ಅಳ್ತಿದ್ಲು. ಕಂಬಳಿ ಹಾಸಿದ್ ಜಾಗದಾಗೆ ಮೋಸ ಆತು ಅಂದಿದ್ರೆ ನಿನ್ನ ಜಾತಿಯಿಂದ ಹೊರಗೆ ಹಾಕೋರು. ನೀನೇ ಹೇಳ್ತೀಯ ಅನ್ಕಂಡೆ.” ಒಂದು ಮುಷ್ಟಿ ಉಣ್ಣೆ ಬಿಡಿಸಿ ಪಕ್ಕಕ್ಕೆ ಹಾಕಿದಳು. “ಆ ಮೇಷ್ಟ್ರು ಯಾರೋ ಹೊರಗಿನೋನು, ಅವನ್ ಮ್ಯಾಲೆ ನಂಗೇನು? ಗೌಡ್ರು ಕಾಯಬೇಕು ಅಂದ್ರು, ಕಾದೆ. ನಿಮ್ಮಣ್ಣ ಬತ್ತಾನೆ ಅಂತ ಅಲ್ಲ. ನೀನು ಇವತ್ ಹೇಳ್ತೀಯ, ನಾಳೆ ಹೇಳ್ತೀಯ ಅಂತ.”

ಶಾಲೆಯ ಕಾಗದ ನನ್ನ ಕೈಯಲ್ಲೇ ಇತ್ತು. ಅವಳು ತಲೆ ಎತ್ತದೆ, “ಆ ಉಣ್ಣೆ ಬುಟ್ಟಿ ಇತ್ತ ಸರಿಸು” ಎಂದಳು. ಸರಿಸಿದೆ.